ಖಾರ ಕಡಿಮೆಯಾದ ಕಡಬು

ನಮ್ಮ ಮನೆಗೂ ಪಕ್ಕದ ಮನೆಗೂ ನಡುವೆ ಇರುವುದು ಒಂದೇ ಗೋಡೆ. ಅವರು ಮುಸಲ್ಮಾನರು. ರಂಜಾನ್ ತಿಂಗಳು ಬಂತೆಂದರೆ ಸಾಯಂಕಾಲ ನಾಲ್ಕರ ಹೊತ್ತಿಗೇ ಅವರ ಅಡುಗೆಮನೆಯಲ್ಲಿ ಎಣ್ಣೆ ಕಾಯತೊಡಗುತ್ತದೆ. ಲಟ್ಟಿಸಿದ ಹಿಟ್ಟಿನೊಳಗೆ ಖೀಮ, ಅಂದರೆ ನುಣ್ಣಗೆ ಕೊಚ್ಚಿದ ಮಾಂಸ, ತುಂಬಿ ಚೌಕಾಕಾರಕ್ಕೆ ಮಡಿಚಿ ಕರಿಯುತ್ತಾರೆ. ಅವರು ಅದಕ್ಕೆ ಲುಖ್ಮಿ ಎನ್ನುತ್ತಾರೆ. ಆದೋನಿಯ ನಮ್ಮ ಓಣಿಯಲ್ಲಿ ಆ ವಾಸನೆಗೆ ಬಾಯಲ್ಲಿ ನೀರೂರದವರು ಯಾರೂ ಇಲ್ಲ, ನನ್ನೊಬ್ಬಳನ್ನು ಬಿಟ್ಟರೆ. ನಾನು ಮಾಂಸ ತಿನ್ನದವಳೇನಲ್ಲ. ಕುರಿ ಸಾಕುವವರ ಮನೆಯಲ್ಲಿ ಹುಟ್ಟಿದವಳು. ಆದರೆ ಖೀಮ ಎಣ್ಣೆಯಲ್ಲಿ ಕರಿಯುವ ವಾಸನೆ ಮೂಗಿಗೆ ತಾಗಿದ ಕೂಡಲೇ ಎದ್ದು ನಿಲ್ಲುತ್ತೇನೆ. ಕೈ ತಾನಾಗಿ ಬಾಗಿಲ ಅಗುಳಿಯ ಕಡೆ ಹೋಗುತ್ತದೆ. ಮೊನ್ನೆಯೂ ಹಾಗೇ ಆಯಿತು. ಎಪ್ಪತ್ತು ದಾಟಿದ ಮುದುಕಿ, ಹಾಡುಹಗಲಿನಲ್ಲಿ, ಅಟ್ಟಿಸಿಕೊಂಡು ಬರುವವರು ಯಾರೂ ಇಲ್ಲದಿದ್ದರೂ ಬಾಗಿಲು ಭದ್ರ ಮಾಡಿ ಉಸಿರು ಬಿಗಿಹಿಡಿದು ನಿಂತಿದ್ದೆ. ನಿಮಗೆ ನಗು ಬರಬಹುದು. ನನಗೂ ಬಂತು, ಸ್ವಲ್ಪ ತಡವಾಗಿ.

ನಮ್ಮ ಮನೆಯಲ್ಲಿ ಅದಕ್ಕೆ ಖೀಮದ ಕಡಬು ಎನ್ನುತ್ತಿದ್ದೆವು. ಅವ್ವ ಉಣ್ಣೆ ಮಾರಲು ಆದೋನಿಗೆ ಬರುತ್ತಿದ್ದಳಲ್ಲ, ಆಗ ಇಲ್ಲಿನ ಯಾರೋ ಒಬ್ಬ ಬೀಬಿಯ ಹಿತ್ತಲಲ್ಲಿ ಕುಳಿತು ಕಲಿತು ಬಂದದ್ದು. ಕಲಿತದ್ದನ್ನು ಹಾಗೇ ಇಟ್ಟುಕೊಳ್ಳುವ ಹೆಂಗಸಲ್ಲ ಅವಳು. ಚೌಕ ಹೋಗಿ ಅರ್ಧಚಂದ್ರವಾಯಿತು, ಪುದೀನ ಹೋಗಿ ಬೆಳ್ಳುಳ್ಳಿ ಎರಡರಷ್ಟಾಯಿತು, ಅಂಚಿಗೆ ನಮ್ಮ ಕರಿಗಡುಬಿನ ಹೆಣಿಕೆ ಬಂತು. ಒಳಗಿನ ಮಾಂಸವನ್ನು ನೀರಿನ ಪಸೆ ಉಳಿಯದಂತೆ ಹುರಿದು ತುಂಬಿ, ಸಣ್ಣ ಉರಿಯ ಮೇಲೆ ನಿಧಾನವಾಗಿ ಕರಿದರೆ ಆ ಕಡಬು ಮೂರು ದಿನ ಕೆಡುತ್ತಿರಲಿಲ್ಲ. ಕುರಿಯ ಹಿಂದೆ ಊರೂರು ಅಲೆಯುವವರಿಗೆ ಇದಕ್ಕಿಂತ ಒಳ್ಳೆಯ ಬುತ್ತಿ ಬೇಡ. ಆದರೆ ದಿನಾ ಮಾಡುವ ಅಡುಗೆ ಅದಲ್ಲ. ಯಾರಾದರೂ ದೂರ ಹೊರಟರೆ ಮಾತ್ರ. ಊರಿನವರಿಗೆಲ್ಲ ಅದು ಗೊತ್ತಿತ್ತು. ನಮ್ಮನ್ನು ಸಿಕ್ಕಿಸಿದ್ದೇ ಅದು.

ನಮ್ಮ ಊರು ಕೋಸಗಿಯಿಂದ ಎರಡು ಹರದಾರಿ, ಗುಂಡುಕಲ್ಲಿನ ಬೆಟ್ಟದ ಬುಡಕ್ಕೆ. ಅಪ್ಪ ತೀರಿಕೊಂಡಿದ್ದ. ಮನೆಯಲ್ಲಿ ಅವ್ವ, ನಾನು, ನನಗಿಂತ ಆರು ವರ್ಷ ದೊಡ್ಡವನಾದ ಅಣ್ಣ ಬೀರಪ್ಪ. ಜಪಾನಿನವರು ಬರ್ಮಾದ ತನಕ ಬಂದರಂತೆ ಎಂದು ಊರಲ್ಲಿ ಮಾತಾಡುತ್ತಿದ್ದ ದಿನಗಳು. ಆದೋನಿಯ ಸಂತೆಗೆ ಕುರಿ ಹೊಡೆದುಕೊಂಡು ಹೋದ ಅಣ್ಣ, ಅಲ್ಲಿ ಬ್ಯಾಂಡು ಬಾರಿಸುತ್ತ ಸೈನ್ಯಕ್ಕೆ ಜನ ಸೇರಿಸುತ್ತಿದ್ದವರ ಮುಂದೆ ನಿಂತು ಹೆಬ್ಬೆಟ್ಟು ಒತ್ತಿ ಬಂದುಬಿಟ್ಟ. ಯಾಕೆ ಎಂದು ಅವ್ವ ಕೇಳಿದ್ದಕ್ಕೆ ಬೂಟು ಕೊಡತಾರ ಎಂದಿದ್ದ. ಬೆಂಗಳೂರಿನ ಕಡೆ ಎಲ್ಲೋ ಎಂಟು ತಿಂಗಳು ಕವಾಯತು ಕಲಿಸಿದರು.

ಒಂದು ಮಧ್ಯಾಹ್ನ ನಾನು ಹಿತ್ತಲಲ್ಲಿ ಬೆರಣಿ ತಟ್ಟುತ್ತಿದ್ದಾಗ ಬೇಲಿಯ ಆಚೆ ಅಣ್ಣ ನಿಂತಿದ್ದ. ಮೈಮೇಲೆ ಖಾಕಿ, ಕೈಯಲ್ಲಿ ಬೂಟು. ಅವರ ಪಡೆಯನ್ನು ಹಡಗು ಹತ್ತಿಸಲು ಮುಂಬಯಿಗೆ ಒಯ್ಯುತ್ತಿದ್ದರಂತೆ. ಎಂಜಿನ್ನಿಗೆ ನೀರು ತುಂಬಲು ರೈಲು ಕೋಸಗಿಯಲ್ಲಿ ನಿಂತಿತು.

"ಕಿಟಕ್ಯಾಗಿಂದ ನಮ್ಮ ಗುಡ್ಡ ಕಂಡ್ವು ಅವ್ವಾ. ಇಳದುಬಿಟ್ಟೆ" ಎಂದ. ಅಷ್ಟೇ ಅವನು ಕೊಟ್ಟ ವಿವರಣೆ.

ಅವ್ವ ಅಳಲೂ ಇಲ್ಲ, ಅಪ್ಪಿಕೊಳ್ಳಲೂ ಇಲ್ಲ. ಮೊದಲು ಆ ಖಾಕಿ ಬಿಚ್ಚಿಸಿ ಒಲೆಗೆ ಹಾಕಿದಳು. ಬೂಟನ್ನು ಹಗೇವಿನಲ್ಲಿ, ಜೋಳದ ಅಡಿ, ಹೂತಿಟ್ಟಳು. ಅಪ್ಪನ ಹಳೆಯ ಧೋತರ ಉಡಿಸಿ, ಕಂಬಳಿ ಕೊಟ್ಟು, ಊರು ಮಧ್ಯಾಹ್ನದ ನಿದ್ದೆಯಿಂದ ಏಳುವುದರೊಳಗೆ ಅವನನ್ನು ಬೆಟ್ಟಕ್ಕೆ ಹತ್ತಿಸಿದಳು. ಮೇಲೆ ಎರಡು ಗುಂಡುಕಲ್ಲುಗಳ ನಡುವೆ ಒಂದು ಗವಿ ಇತ್ತು. ಮಳೆ ಬಂದರೆ ಕುರಿ ಕೂಡುತ್ತಿದ್ದ ಜಾಗ.

ಆಮೇಲಿನ ಹದಿನೈದು ದಿನಗಳನ್ನು ನಿಮಗೆ ಹೇಗೆ ಹೇಳಲಿ? ಭಯ ಅಂದರೆ ಮೈ ನಡುಗುವುದು ಎಂದುಕೊಂಡಿದ್ದೆ. ಅದು ಹಾಗಲ್ಲ. ನೀರು ಸೇದುವಾಗ ಪಕ್ಕದವಳು ಕೊಡದಿಂದ ಕಣ್ಣೆತ್ತಿ ನನ್ನನ್ನು ನೋಡಿದರೆ, ಅವಳು ಯಾಕೆ ನೋಡಿದಳು ಎಂದು ಸಂಜೆಯ ತನಕ ಯೋಚಿಸುವುದು ಭಯ. ಮೂರು ರೊಟ್ಟಿಯ ಬದಲು ಆರು ರೊಟ್ಟಿ ತಟ್ಟುವಾಗ ಸದ್ದು ಹೆಚ್ಚಾಯಿತೇನೋ ಎಂದು ಕೈ ತಡೆಯುವುದು ಭಯ. ಪಡೆಯಿಂದ ಓಡಿ ಬಂದವರನ್ನು ಗೋಡೆಗೆ ನಿಲ್ಲಿಸಿ ಗುಂಡು ಹಾಕುತ್ತಾರೆ ಎಂದು ಬಾವಿಕಟ್ಟೆಯಲ್ಲಿ ಯಾರೋ ಹೇಳಿದರು. ಯಾವುದೋ ಬೇರೆ ಊರಿನ ಮಾತು ಅದು. ಅವ್ವ ಕೊಡ ತುಂಬಿಕೊಂಡು, ಹೌದಾ, ಎಂದು ಕೇಳಿ ಮನೆಗೆ ಬಂದಳು. ಬಂದವಳು ಕೊಡವನ್ನು ತಲೆಯಿಂದ ಇಳಿಸುವುದನ್ನೇ ಮರೆತು ಎಷ್ಟೋ ಹೊತ್ತು ನಡುಮನೆಯಲ್ಲಿ ನಿಂತಿದ್ದಳು.

ತುಂಗಭದ್ರೆ ದಾಟಿದರೆ ನಿಜಾಮರ ಸೀಮೆ. ಅಲ್ಲಿ ಈ ಪೊಲೀಸರ ಕೈ ಅಷ್ಟು ಸಲೀಸಾಗಿ ಎಟುಕುವುದಿಲ್ಲ ಎಂದು ಅಣ್ಣನ ನಂಬಿಕೆ. ಆಚೆ ದಡದಿಂದ ನಮ್ಮ ಸೋದರಮಾವನ ಊರಿಗೆ ಮೂರು ದಿನದ ಹಾದಿ, ಊರು ತಪ್ಪಿಸಿ ಅಡವಿಯಲ್ಲಿ ನಡೆದರೆ. ಮೂರು ದಿನ ಎಂದ ಕೂಡಲೇ ಅವ್ವನಿಗೆ ಕಡಬಿನ ನೆನಪಾಯಿತು. ಒಂದು ಮರಿಯ ಕಾಲು ಮುರಿದಿದೆ ಎಂದು ನೆರೆಯವರಿಗೆ ಹೇಳಿ, ಅದನ್ನು ಕೊಯ್ಸಿದಳು. ಮರಿಯ ನಾಲ್ಕು ಕಾಲೂ ನೆಟ್ಟಗಿದ್ದವು.

ನನ್ನ ಪಾಲಿಗೆ ಬಂದದ್ದು ಖೀಮ ಕೊಚ್ಚುವ ಕೆಲಸ. ಬೇವಿನ ಕೊರಡಿನ ಮೇಲೆ ಕತ್ತಿ ಬಿದ್ದರೆ ಮೂರು ಮನೆಗೆ ಕೇಳುತ್ತದೆ. ಅವ್ವ ಕಂಬಳಿ ನಾಲ್ಕು ಮಡಿಕೆ ಮಾಡಿ ಕೊರಡಿನ ಕೆಳಗೆ ಹಾಸಿದಳು. ಸದ್ದೇನೋ ತಗ್ಗಿತು. ನನ್ನ ಮದುವೆಯ ಮಾತಿಗೆ ಬರುವವರಿಗಾಗಿ ಎತ್ತಿಟ್ಟಿದ್ದ ಗೋಧಿಯನ್ನು ಬೀಸಿ ಹಿಟ್ಟು ಕಲಸಿದಳು. ಯುದ್ಧದ ಕಾಲ, ಗೋಧಿ ಸಿಗುವುದೇ ಕಷ್ಟವಾಗಿತ್ತು. ಈರುಳ್ಳಿ, ಶುಂಠಿ, ಬೆಳ್ಳುಳ್ಳಿ ಅರೆದಾಯಿತು. ನಾನು ಎಂದಿನ ಹಾಗೆ ಮುಷ್ಟಿ ತುಂಬ ಮೆಣಸಿನಕಾಯಿ ತೆಗೆದುಕೊಂಡಾಗ ಅವ್ವ ಕೈ ಹಿಡಿದಳು.

"ಖಾರ ಭಾಳ ಹಾಕಬ್ಯಾಡ. ಅವನ ಬಾಯಾಗ ಹುಣ್ಣಾಗ್ಯಾವ."

ಗವಿಯಲ್ಲಿ ಕುಳಿತು ಒಣರೊಟ್ಟಿ ತಿಂದೂ ತಿಂದೂ ಅಣ್ಣನ ಬಾಯೆಲ್ಲ ಹುಣ್ಣಾಗಿತ್ತು. ನಾನು ಮೂರೇ ಮೆಣಸಿನಕಾಯಿ ಹಾಕಿದೆ.

ಸದ್ದಿನ ಕೆಳಗೆ ಕಂಬಳಿ ಹಾಸಬಹುದು, ವಾಸನೆಯ ಕೆಳಗೆ ಏನು ಹಾಸುವುದು? ಬಾಗಿಲು ಹಾಕಿದ್ದೆವು, ಬೆಳಕಿಂಡಿಗೆ ಗೋಣಿ ತುರುಕಿದ್ದೆವು. ಹೊಗೆಗೆ ಕಣ್ಣು ಬಿಡಲಾಗುತ್ತಿರಲಿಲ್ಲ. ಮೊದಲ ಕಡಬುಗಳು ಬಾಣಲೆಯಿಂದ ಹೊರಗೆ ಬಂದಿದ್ದವು, ಅಷ್ಟೇ. ಅಂಗಳದಲ್ಲಿ ಸೈಕಲ್ಲು ನಿಲ್ಲಿಸಿದ ಸದ್ದಾಯಿತು. ನಮ್ಮ ಊರಿಗೆ ಸೈಕಲ್ಲಿನ ಮೇಲೆ ಬರುತ್ತಿದ್ದವರು ಒಬ್ಬರೇ. ಠಾಣೆಯ ಹೆಡ್ ಕಾನ್‌ಸ್ಟೇಬಲ್.

ಐವತ್ತರ ಆಸುಪಾಸಿನ ಮನುಷ್ಯ, ತೆಲುಗಿನವರು, ದಪ್ಪ ಮೀಸೆ. ಅವ್ವ ಬಾಗಿಲು ತೆಗೆದಾಗ ಒಳಗಿನ ಹೊಗೆಯೆಲ್ಲ ಅವರ ಮುಖಕ್ಕೆ ಹೋಯಿತು. ಅವರು ಕೆಮ್ಮಲಿಲ್ಲ. ಒಳಗೆ ಬಂದು, ಬಾಗಿಲು ಮುಚ್ಚಿ, ಪೇಟ ತೆಗೆದು ಮಗ್ಗುಲಿಗಿಟ್ಟು, ಒಲೆಗೆ ಎದುರಾಗಿ ಗೋಡೆಗೆ ಒರಗಿ ಕುಳಿತರು. ಯಾರಾದರೂ ಊರಿಗೆ ಹೊರಟಿದ್ದಾರಾ ಎಂದು ಕೇಳಿದರು. ಬೀರದೇವರ ಹರಕೆ ಎಂದಳು ಅವ್ವ. ಅವರು ತಲೆ ಆಡಿಸಿದರು. ಮೊರದಲ್ಲಿ ಕರಿಯದೆ ಇದ್ದ ಕಡಬುಗಳ ಮೇಲೆ ಒಮ್ಮೆ ಕಣ್ಣಾಡಿಸಿದರು. ಇಬ್ಬರು ಹೆಂಗಸರ ಮನೆಯಲ್ಲಿ ಒಂದು ಮೊರ ಕಡಬು.

ಅವ್ವ ಎರಡು ಕಡಬನ್ನು ತಟ್ಟೆಗೆ ಹಾಕಿ ಅವರ ಮುಂದಿಟ್ಟಳು. ನಾನು ಬಾಣಲೆಯ ಮುಂದೆ ಕುಳಿತು ಕಡಬು ತಿರುವಿ ಹಾಕುತ್ತಿದ್ದೆ. ಅವರು ಒಂದನ್ನು ಮುರಿದು, ಆರಿಸಿ, ಬಾಯಿಗೆ ಹಾಕಿಕೊಂಡರು. ಚೆನ್ನಾಗಿದೆ ಎಂದರು. ಆಮೇಲೆ ನನ್ನ ಕಡೆ ತಿರುಗಿ, ಮನೆಯ ಹಿರಿಯರು ಕೇಳುವ ಹಾಗೆ, ಮನಸ್ಸಿನಲ್ಲಿ ಏನೂ ಇಲ್ಲದವರ ಹಾಗೆ ಕೇಳಿದರು.

"ಖಾರ ಇಷ್ಟು ತಕ್ಕುವ ಯಾಕಮ್ಮಾಯೀ? ಕುರುಬರ ಮನಿ ಮಸಾಲಿ ಅಂದ್ರ ಕಣ್ಣಾಗ ನೀರು ಬರಬೇಕಲ್ಲ?"

ತಕ್ಕುವ ಅಂದರೆ ಕಡಿಮೆ. ಅಡುಗೆಯಲ್ಲಿ ತಪ್ಪು ಹಿಡಿದರೆ ಸಮಜಾಯಿಷಿ ಕೊಡುವುದು ಹದಿನಾಲ್ಕು ವರ್ಷದ ಹುಡುಗಿಯ ರಕ್ತದಲ್ಲೇ ಇರುತ್ತದೆ. ಅದೂ ಮದುವೆಯ ಮಾತು ನಡೆಯುತ್ತಿದ್ದ ಹುಡುಗಿ. ನಾನು ತಲೆ ಎತ್ತದೆ ಹೇಳಿದೆ:

"ಅಣ್ಣನ ಬಾಯಾಗ ಹುಣ್ಣಾಗ್ಯಾವ್ರಿ, ಅದಕ್ಕ."

ಆಡಿದ ಮೇಲೆ ಮಾತು ನನ್ನ ಕಿವಿಗೇ ಬಿತ್ತು. ಬಾಣಲೆಯಲ್ಲಿದ್ದ ಕಡಬು ಕಂದಿತು, ಕಪ್ಪಾಯಿತು. ತೆಗೆಯಲು ನನ್ನ ಕೈ ಏಳಲಿಲ್ಲ. ಅವ್ವನ ಕಡೆ ನೋಡುವ ಧೈರ್ಯವೂ ಬರಲಿಲ್ಲ. ಗೋಡೆಗೆ ನಿಲ್ಲಿಸಿ ಗುಂಡು ಹಾಕುತ್ತಾರೆ ಎಂದ ಮಾತು, ಆ ಗೋಡೆ, ಅದರ ಮುಂದೆ ಅಪ್ಪನ ಧೋತರ ಉಟ್ಟುಕೊಂಡ ಅಣ್ಣ, ಎಲ್ಲ ಆ ಕಾದ ಎಣ್ಣೆಯಲ್ಲಿ ಕಂಡಂತಾಯಿತು.

ಅವರು ಅಗಿಯುತ್ತಲೇ ಇದ್ದರು. ಎರಡನೆಯದನ್ನೂ ತಿಂದರು. ನೀರು ಕೇಳಿ ಕುಡಿದರು. ಪೇಟ ಇಟ್ಟುಕೊಂಡು ಎದ್ದು, ಬಾಗಿಲಲ್ಲಿ ನಿಂತು, ಅಂಗಳದ ಕಡೆ ಮುಖ ಮಾಡಿಯೇ ಅವ್ವನಿಗೆ ಹೇಳಿದರು.

"ಅಮ್ಮಾ, ಗುರುವಾರ ಮಿಲಿಟರಿಯೋರು ಬರತಾರ. ಗುಡ್ಡ ಸುತ್ತುಗಟ್ಟತಾರ, ಹೊಳಿ ದಂಡ್ಯಾಗೂ ಕಾವಲಿಡತಾರ. ಅದಕಿಂತ ಮುಂಚೇ ತಾನಾಗಿ ಆದೋನಿ ಠಾಣೆಕ್ಕ ಬಂದು ನಿಂತರ, ನಾ ಬರೆಯೋದು ಒಂದು ನಮೂನಿ. ಅವರ ಕೈಗೆ ಸಿಕ್ಕರ, ಆಮ್ಯಾಲ ನನ್ನ ಕೈಯಾಗ ಏನೂ ಇಲ್ಲ."

ಸೈಕಲ್ಲು ಹೋಯಿತು. ಅವ್ವ ನನ್ನನ್ನು ಹೊಡೆಯುತ್ತಾಳೆ ಎಂದು ಕಾದೆ. ಹೊಡೆದಿದ್ದರೆ ಎಷ್ಟೋ ಹಗುರಾಗುತ್ತಿತ್ತು. ಅವಳು ನನ್ನನ್ನು ಸರಿಸಿ, ಕಪ್ಪಾದ ಕಡಬನ್ನು ತೆಗೆದು ಬೂದಿಗೆ ಹಾಕಿ, ಉಳಿದವನ್ನು ಒಂದೊಂದಾಗಿ ಎಣ್ಣೆಗೆ ಬಿಟ್ಟಳು. ಆ ಮನುಷ್ಯನನ್ನು ನಂಬಬೇಕೋ ಬೇಡವೋ ಎಂದು ನಮಗೆ ಹೇಳುವವರು ಯಾರೂ ಇರಲಿಲ್ಲ. ಅದು ಬಲೆಯೂ ಆಗಿರಬಹುದಿತ್ತು.

ಮರುದಿನ ಬೆಳಗಾಗುತ್ತಲೇ ಕುರಿ ಹೊಡೆದುಕೊಂಡು ಇಬ್ಬರೂ ಬೆಟ್ಟ ಹತ್ತಿದೆವು. ಹತ್ತು ಹೆಜ್ಜೆಗೊಮ್ಮೆ ನಾನು ಹಿಂದೆ ನೋಡುತ್ತಿದ್ದೆ. ಅಣ್ಣ ಗವಿಯ ಬಾಯಲ್ಲೇ ಕುಳಿತಿದ್ದ. ಅವ್ವ ಹೆಡ್ ಕಾನ್‌ಸ್ಟೇಬಲ್ ಹೇಳಿದ್ದನ್ನೆಲ್ಲ ಹೇಳಿದಳು. ನಾನು ಆಡಿದ್ದನ್ನು ಮಾತ್ರ ಹೇಳಲಿಲ್ಲ. ಬುತ್ತಿಯ ಗಂಟನ್ನು ಅವನ ಮುಂದಿಟ್ಟು, "ಹೊಳಿ ದಾಟತೀಯೋ ಆದೋನಿಗೆ ಹೋಗತೀಯೋ, ನೀನ ಹೇಳು. ನಾ ಹೇಳಂಗಿಲ್ಲ" ಎಂದಳು.

ಅಣ್ಣ ಒಂದು ಕಡಬು ತೆಗೆದು, ಹುಣ್ಣಿಗೆ ತಾಗದಂತೆ ಒಂದೇ ದವಡೆಯಲ್ಲಿ ನಿಧಾನವಾಗಿ ಅಗಿದು ನುಂಗಿದ. ಆದೋನಿಗೆ ಎಂದ. ಅವ್ವನೂ ಅವನೂ ಆಚೆ ಇಳಿಜಾರಿನಲ್ಲಿ ಇಳಿದು ಹೋದರು. ಕುರಿ ಕಾಯಲು ನಾನು ಉಳಿದೆ. ಇಬ್ಬರೂ ಎರಡು ಚುಕ್ಕೆಯಾಗಿ ಕಾಣದಂತಾಗುವ ತನಕ ನಿಂತಿದ್ದೆ. ಮಾರನೆಯ ದಿನ ಅವ್ವ ಒಬ್ಬಳೇ ಬಂದಳು, ಹೆಗಲ ಮೇಲೆ ಅವನ ಕಂಬಳಿ.

ಹೆಡ್ ಕಾನ್‌ಸ್ಟೇಬಲ್ ಮಾತು ಉಳಿಸಿಕೊಂಡರು. ತಾನಾಗಿ ಬಂದ ಎಂದೇ ಬರೆದರು. ಆದರೆ ಅದು ನಮಗೆ ತಿಳಿದದ್ದು ಎಷ್ಟೋ ತಿಂಗಳ ಮೇಲೆ. ಅಲ್ಲಿಯ ತನಕ ಅಂಗಳದಲ್ಲಿ ಯಾರ ನೆರಳು ಬಿದ್ದರೂ ಸುದ್ದಿ ತಂದವರೇ ಎಂದುಕೊಳ್ಳುತ್ತಿದ್ದೆ. ಅಣ್ಣನಿಗೆ ಸೈನ್ಯದ ಜೈಲಾಯಿತು, ಆಮೇಲೆ ಬರ್ಮಾದ ಗಡಿಗೆ ಕಳಿಸಿದರು. ಯುದ್ಧ ಮುಗಿದು ಬಂದಾಗ ಒಂದು ಕಿವಿ ಕೇಳುತ್ತಿರಲಿಲ್ಲ. ಮತ್ತೆ ಕುರಿಯ ಹಿಂದೆ ಹೋದ, ಮದುವೆಯಾದ, ಮಕ್ಕಳಾದವು. ನಾನು ಮೇಷ್ಟ್ರೊಬ್ಬರನ್ನು ಮದುವೆಯಾಗಿ ಆದೋನಿಗೆ ಬಂದು ಅಕ್ಷರ ಕಲಿತೆ. ಅವ್ವ ಸಾಯುವ ತನಕ ಆ ಮಾತನ್ನು ನನ್ನ ಮುಂದೆ ಎತ್ತಲಿಲ್ಲ. ಅಣ್ಣನನ್ನು ಹಿಡಿದುಕೊಟ್ಟವಳು ನಾನು ಎಂಬುದನ್ನು ಒಳಗೆ ಇಟ್ಟುಕೊಂಡೇ ಐವತ್ತು ವರ್ಷ ಕಳೆದೆ.

ಕಣ್ಣಿನ ಪೊರೆ ತೆಗೆಸಲು ಅಣ್ಣ ನಮ್ಮ ಮನೆಯಲ್ಲಿ ಬಂದು ಉಳಿದಿದ್ದ ವರ್ಷ ಅದನ್ನು ಹೇಳಿದೆ. ಅವನ ಎರಡು ಕಣ್ಣಿಗೂ ಪಟ್ಟಿ ಇತ್ತು. ನನ್ನ ಮುಖ ಅವನಿಗೆ ಕಾಣದು ಎಂಬ ಧೈರ್ಯ. ಕೇಳುವ ಕಿವಿಯ ಹತ್ತಿರ ಬಾಗಿ, ಹುಣ್ಣಿನ ಮಾತು ನನ್ನ ಬಾಯಿಂದಲೇ ಬಂತು ಎಂದೆ. ಅವನು ತಡಕಿ ನನ್ನ ಕೈ ಹಿಡಿದ.

"ನಾ ಅವತ್ತು ಮ್ಯಾಲಿನ ಗುಂಡಿನ ಮ್ಯಾಲೆ ಕುಂತಿದ್ದೆ, ತಂಗಿ. ನಮ್ಮ ಅಂಗಳದಾಗ ಸೈಕಲ್ಲು ಕಾಣತಿತ್ತು. ಒಳಗ ನೀವಿಬ್ಬರ, ಬಾಗಿಲಾ ಹಾಕೇತಿ. ಏನು ಮಾಡಾಕತ್ಯಾನೋ ಅಂತ ಅರ್ಧ ಗುಡ್ಡ ಇಳಿದು ಬಂದಿದ್ದೆ. ಆವಾಗ ಅಂವ ಹೊರಗ ಬಂದ. ಇನ್ನ ಇಲ್ಲಿರಾಕ ಆಗಂಗಿಲ್ಲ ಅಂತ ಅಲ್ಲೇ ಅಂದ್ಕೊಂಡೆ. ಮುಂಜಾನಿ ನೀವು ಬರದಿದ್ರೂ ನಾ ಇಳೀತಿದ್ದೆ."

ಹಡಗಿಗಿಂತ, ಜೈಲಿಗಿಂತ, ಆ ಅರ್ಧ ತಾಸಿನಲ್ಲಿ ಪಟ್ಟ ಹೆದರಿಕೆಯೇ ದೊಡ್ಡದು ಎಂದ. ಬರ್ಮಾದಲ್ಲಿಯೂ ಅಷ್ಟು ಹೆದರಲಿಲ್ಲವಂತೆ. ನಾವು ಒಲೆಯ ಮುಂದೆ ಅವನಿಗಾಗಿ ಸಾಯುತ್ತಿದ್ದಾಗ ಅವನು ಬೆಟ್ಟದ ಮೇಲೆ ನಮಗಾಗಿ ಸಾಯುತ್ತಿದ್ದ.

ಅಣ್ಣ ಈಗಿಲ್ಲ. ಗುಟ್ಟು ಹೊರಗೆ ಬಂದ ಮೇಲೆ ಭಯ ಹೋಗಬೇಕಿತ್ತು, ಹೋಗಲಿಲ್ಲ. ಅದು ಮೈಗೆ ಕಲಿತ ಪಾಠ, ಮನಸ್ಸಿನ ಮಾತು ಕೇಳುವುದಿಲ್ಲ. ಮೊನ್ನೆ ಸಂಜೆ ಪಕ್ಕದ ಮನೆಯ ಸೊಸೆ ತಟ್ಟೆ ಹಿಡಿದುಕೊಂಡು ಬಾಗಿಲು ತಟ್ಟಿದಳು. ತೆಗೆದುಕೊಳ್ಳುವಾಗ ತಟ್ಟೆ ನನ್ನ ಕೈಯಲ್ಲಿ ಅದುರಿತು. ಚಳಿ ಏನ್ರೀ ಅಮ್ಮಾ ಎಂದು ಕೇಳಿದಳು. ಇಷ್ಟು ವರ್ಷ ಮಕ್ಕಳು, ಮೊಮ್ಮಕ್ಕಳು ಕೇಳಿದಾಗ, ನನಗೆ ವಯಸ್ಸಾಯಿತು ಎಂದೋ, ರಕ್ತ ಕಡಿಮೆ ಎಂದೋ ಹೇಳಿ ದಾಟಿಸಿದ್ದೇನೆ.

"ಚಳಿ ಅಲ್ಲವ್ವಾ, ಹೆದರಿಕಿ" ಎಂದೆ. "ರೋಜಾದ ಉಪಾಸ ಬಿಟ್ಟ ಮ್ಯಾಲ ಬಾ. ಹೇಳತೀನಿ."