ಕಡಲು ಶಾಂತ ಎಂದು ಬರೆದವಳು

ಅಕ್ಕ ಬಂದರಿನ ಹವಾಮಾನ ಕಚೇರಿಯಲ್ಲಿ ಮುನ್ಸೂಚನೆ ಬರೆಯುತ್ತಿದ್ದಳು, ತಮ್ಮ ದೋಣಿಯಲ್ಲಿ ಮೀನಿಗೆ ಹೋಗುತ್ತಿದ್ದ. ಒಂದು ಬೆಳಿಗ್ಗೆ ಅವಸರದಲ್ಲಿ ಅವಳು ಗಾಳಿಯ ಒತ್ತಡದ ಅಂಕಿಯಲ್ಲಿ ದಶಮಾಂಶ ಬಿಂದುವಿನ ಆಚೆಯದನ್ನು ಬಿಟ್ಟು ಕಂಪ್ಯೂಟರಿಗೆ ಕೊಟ್ಟಳು. ಉತ್ತರ ನೋಡಿ 'ಕಡಲು ಶಾಂತ' ಎಂದು ಬರೆದಳು. ತಮ್ಮ ನಂಬಿ ಹೊರಟ. ಮಧ್ಯಾಹ್ನ ಬಿರುಗಾಳಿಗೆ ದೋಣಿ ಮಗುಚಿತು. ಬೇರೆ ದೋಣಿಯವರು ಅವನನ್ನು ಬದುಕಿಸಿ ತಂದರು. ಬಲಗೈ ಮಾತ್ರ ಮತ್ತೆ ಬಲೆ ಎಳೆಯುವಂತಾಗಲಿಲ್ಲ.

ಅವಳು ಆ ರಾತ್ರಿಯೇ ಕಚೇರಿಗೆ ಹೋದಳು. ಅದೇ ಅಂಕಿಯನ್ನು ಪೂರ್ತಿ ಕೊಟ್ಟು ಮತ್ತೆ ಲೆಕ್ಕ ಹಾಕಿಸಿದಳು. ಆಗಲೂ ಶಾಂತವೆಂದೇ ಬಂತು. ಒಂದು ಕ್ಷಣ ಎದೆ ಹಗುರಾಯಿತು. ಆದರೂ ಖಚಿತಪಡಿಸಿಕೊಳ್ಳಲು ಅಂಕಿಯನ್ನು ಕೂದಲೆಳೆಯಷ್ಟು ಬದಲಿಸಿದಳು, ಲೆಕ್ಕದಲ್ಲಿ ಬಿರುಗಾಳಿ ಎದ್ದಿತು. ಇನ್ನೊಂದಿಷ್ಟು ಬದಲಿಸಿದರೆ ಮತ್ತೆ ಶಾಂತ. ಬಂದ ನಕ್ಷೆಗಳನ್ನೆಲ್ಲ ಒಂದರ ಮೇಲೊಂದಿಟ್ಟಳು. ಗಾಳಿ ಯಾವಾಗ ಏಳುತ್ತದೆಂದು ಹೇಳುವಂತಿರಲಿಲ್ಲ, ಆದರೆ ಎದ್ದಾಗಲೆಲ್ಲ ದೀಪಸ್ತಂಭದ ಪಕ್ಕದ ಅದೇ ದಾರಿ ಹಿಡಿಯುತ್ತಿತ್ತು. ತಮ್ಮ ಹೋಗಿದ್ದೂ ಅಲ್ಲಿಗೇ.

"ಅಂಕಿ ಪೂರ್ತಿ ಕೊಡ್ಲಿಲ್ಲ, ತಪ್ಪು ನಂದೇ ಕಣೋ," ಎಂದು ತಮ್ಮನಿಗೆ ಹೇಳಿದಳು.

"ಸರಿಯಾಗಿ ಲೆಕ್ಕ ಹಾಕಿದ್ರೆ ಗೊತ್ತಾಗ್ತಿತ್ತಾ?"

"ಇಲ್ಲ. ಆದ್ರೆ ಗೊತ್ತಾಗ್ತಿಲ್ಲ ಅಂತಾದ್ರೂ ಬರೀಬಹುದಿತ್ತು."

ಅವನು ಬಲಗೈಯನ್ನು ಎಡಗೈಯಿಂದ ಎತ್ತಿ ತೊಡೆಯ ಮೇಲಿಟ್ಟುಕೊಂಡ. "ಅಷ್ಟು ಬರೆದಿದ್ರೆ ನಾನು ಹೋಗ್ತಿರ್ಲಿಲ್ಲ ಅಕ್ಕಾ."

ಈಗ ಅವಳು ದಿನವೂ ಅಂಕಿಯನ್ನು ತುಸು ತುಸು ಬದಲಿಸಿ ಹತ್ತಾರು ಸಲ ಲೆಕ್ಕ ಹಾಕಿಸುತ್ತಾಳೆ. ಒಂದರಲ್ಲಿ ಬಿರುಗಾಳಿ ಕಂಡರೂ ದೀಪಸ್ತಂಭದ ದಾರಿಗೆ ಹೋಗಬೇಡಿ ಎಂದು ಬರೆಯುತ್ತಾಳೆ. ಬಂದರಿನವರು ಅವಳನ್ನು ಪುಕ್ಕಲಕ್ಕ ಎಂದು ಕರೆದು ನಗುತ್ತಾರೆ. ಅವಳು ಮುಂದಿನ ಲೆಕ್ಕಕ್ಕೆ ಅಂಕಿಯನ್ನು ಪೂರ್ತಿ ತುಂಬುತ್ತಾಳೆ.