ಮಾವನವರು ಹೇಳಿಕೊಟ್ಟ ಪಾಠ

ದೋಸೆಗೆ ರುಬ್ಬಿ ಮುಗಿಸಿ, ಗ್ರೈಂಡರಿನ ಕಲ್ಲಿಗೆ ಅಂಟಿದ್ದ ಹಿಟ್ಟನ್ನು ಬಳಿಯುತ್ತಿದ್ದೆ. ಆಗ ಫೋನ್ ಬಂತು. ಕೈಯೆಲ್ಲ ಹಿಟ್ಟು. ಮಗಳು ಫೋನನ್ನು ನನ್ನ ಕಿವಿಗೆ ಹಿಡಿದಳು. ವಿಜಯವಾಡದಿಂದ ಸಾಕ್ಷ್ಯಚಿತ್ರದ ನಿರ್ದೇಶಕ. ಚಿತ್ರ ಸಿದ್ಧವಾಗಿದೆ, ಭಾನುವಾರ ಬೆಳಿಗ್ಗೆ ಮೊದಲ ಪ್ರದರ್ಶನ, ಬಾಮ್ಮಗಾರನ್ನು ತಪ್ಪದೆ ಕರೆದುಕೊಂಡು ಬನ್ನಿ ಎಂದ. ಬಾಮ್ಮಗಾರು ಎಂದರೆ ತೆಲುಗಿನಲ್ಲಿ ಅಜ್ಜಿ, ನಮ್ಮತ್ತೆ.

ಅತ್ತೆ ದೇವರ ಮುಂದೆ ಕೂತು ಹೂಬತ್ತಿ ಮಾಡುತ್ತಿದ್ದರು. ವಿಷಯ ಹೇಳಿದೆ.

"ಅವರ ಹೆಸರು ಬರುತ್ತೇನಮ್ಮ?"

"ಮಾವನವರ ಹೆಸರು ಬಂದೇ ಬರುತ್ತೆ ಅತ್ತೆ."

ಹತ್ತಿ ಕೆಳಗಿಟ್ಟು ಸಿಂಹಾಚಲದ ದೇವಸ್ಥಾನದ ದಿಕ್ಕಿಗೆ ಕೈಮುಗಿದರು.

ನಾವು ತುಮಕೂರಿನ ಕಡೆಯವರು. ನನ್ನ ಗಂಡನ ಬ್ಯಾಂಕ್ ಕೆಲಸ ನಮ್ಮನ್ನು ವಿಶಾಖಪಟ್ಟಣಕ್ಕೆ ತಂದಿತು, ಎಂವಿಪಿ ಕಾಲೋನಿಯಲ್ಲೇ ಉಳಿದುಬಿಟ್ಟೆವು. ಅದಕ್ಕೂ ಬಹಳ ಹಿಂದೆ ಮಾವನವರೂ ಬ್ಯಾಂಕಿನಲ್ಲಿ ಗುಮಾಸ್ತರಾಗಿ ವಿಜಯವಾಡದಲ್ಲಿದ್ದರು. ಆಗಷ್ಟೇ ಮದುವೆಯಾಗಿದ್ದ ಕಾಲ. ಒಬ್ಬ ದೊಡ್ಡ ತೆಲುಗು ಹೀರೋ, ಇವತ್ತಿಗೂ ಕೆಲವು ಕ್ಷೌರದಂಗಡಿಗಳಲ್ಲಿ ಅವರ ಫೋಟೋ ಇದೆ, ಒಂದು ಕನ್ನಡ ಚಿತ್ರಕ್ಕೆ ಒಪ್ಪಿಕೊಂಡಿದ್ದರಂತೆ. ಮಾತುಗಳನ್ನು ಸ್ವಂತ ದನಿಯಲ್ಲೇ ಹೇಳಬೇಕೆಂಬ ಹಟ. ಹಾಗಾಗಿ ಒಂದು ತಿಂಗಳು ದಿನಾ ಬೆಳಿಗ್ಗೆ ಮಾವನವರ ಬಾಡಿಗೆ ಮನೆಗೆ ಬಂದು, ಚಾಪೆಯ ಮೇಲೆ ಕೂತು ಕನ್ನಡ ಕಲಿತರು.

ಮಾವನವರು ಇದನ್ನು ಬಂದವರಿಗೆಲ್ಲ ಹೇಳುತ್ತಿದ್ದರು. ಯಾರೂ ನಂಬಲಿಲ್ಲ. ಜೊತೆಗೆ ತೆಗೆಸಿಕೊಂಡ ಒಂದು ಫೋಟೋವೂ ಇರಲಿಲ್ಲ. ಎಲ್ಲರಿಗಿಂತ ಹೆಚ್ಚು ನಕ್ಕವರು ಅತ್ತೆಯ ತಮ್ಮ. ಅವರೂ ಎಷ್ಟೋ ವರ್ಷಗಳ ಮೇಲೆ ನೌಕರಿಗೆಂದು ವಿಜಯವಾಡಕ್ಕೆ ಹೋಗಿ ಅಲ್ಲೇ ಮನೆ ಮಾಡಿದವರು. ಸಿಕ್ಕಾಗಲೆಲ್ಲ, "ಏನ್ ಭಾವ, ಇವತ್ತು ಕಾಫಿಗೆ ಯಾವ ಹೀರೋ?" ಕೊನೆಯ ವರ್ಷಗಳಲ್ಲಿ ಮಾವನವರು ಆ ಮಾತನ್ನೇ ಎತ್ತುತ್ತಿರಲಿಲ್ಲ. ಅವರು ಹೋದ ಮೇಲೂ ಅತ್ತೆಯನ್ನು ಕೊರೆಯುತ್ತಿದ್ದುದು ಅದೇ. ಸುಳ್ಳುಗಾರ ಅನ್ನಿಸಿಕೊಂಡೇ ಹೋದರಲ್ಲ ಎಂದು.

ಹೋದ ವರ್ಷ ಮಾವನವರ ಹಳೆಯ ಸಹೋದ್ಯೋಗಿಯೊಬ್ಬರು ಹೇಳಿ ಆ ಹೀರೋನ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದ ತಂಡದವರು ನಮ್ಮ ಮನೆ ಹುಡುಕಿಕೊಂಡು ಬಂದರು. ಅತ್ತೆ ರೇಷ್ಮೆ ಸೀರೆ ಉಟ್ಟು ಕ್ಯಾಮೆರಾ ಮುಂದೆ ಕೂತರು. ಬಜಾರಿಗೆ ಬೇಕಾದಷ್ಟು ತೆಲುಗು ಅವರಿಗೆ ಬರುತ್ತದೆ. ಆದರೆ, "ಅವರ ವಿಷಯ ತೆಲುಗಲ್ಲಿ ಹೇಳೋಕೆ ನನಗೆ ನಾಲಿಗೆ ಏಳಲ್ಲ" ಎಂದು ಕನ್ನಡದಲ್ಲೇ ಹೇಳಿದರು. ಅದನ್ನು ತೆಲುಗಿಗೆ ಬರೆದುಕೊಟ್ಟವಳು ನನ್ನ ಮಗಳು. ಹುಟ್ಟಿದ್ದೂ ಓದಿದ್ದೂ ಇಲ್ಲೇ, ಕನಸು ಕಾಣುವುದೂ ತೆಲುಗಿನಲ್ಲೇ. ಕನ್ನಡ ನನ್ನ ಹತ್ತಿರ, ಅಜ್ಜಿಯ ಹತ್ತಿರ ಮಾತ್ರ. ಆದರೂ ಬರೆದುಕೊಟ್ಟಳಲ್ಲ ಎಂದು ನನಗೆ ಹೆಮ್ಮೆ.

ಶನಿವಾರ ನಾವು ಮೂವರೂ ಹೊರಟೆವು. ಗಂಡನಿಗೆ ರಜೆ ಸಿಗಲಿಲ್ಲ. ದೇವರ ದಯೆ, ರೈಲು ಹೊತ್ತಿಗೆ ಸರಿಯಾಗಿ ಬಂತು, ಅತ್ತೆಗೆ ಬಿಸಿಲು ಬೀಳದ ಕಡೆಯ ಕಿಟಕಿ ಸಿಕ್ಕಿತು, ಕಟ್ಟಿಕೊಂಡ ಮೊಸರನ್ನ ಹುಳಿಯಾಗಲಿಲ್ಲ. ಮಂಡಿನೋವಿನ ಮುದುಕಿಯನ್ನು ಕರೆದುಕೊಂಡು ಹೋಗುವವಳಿಗೆ ಇವೆಲ್ಲ ಸಣ್ಣ ವಿಷಯಗಳಲ್ಲ.

ಭಾನುವಾರ ಸಣ್ಣ ಸಭಾಂಗಣ ತುಂಬಿತ್ತು. ಅತ್ತೆಯ ಪಕ್ಕದಲ್ಲಿ ಅವರ ತಮ್ಮ. "ನೋಡೋಣ ನೋಡೋಣ, ಭಾವನ ಸಿನಿಮಾ" ಎಂದು ಬರುವಾಗಲೇ ಶುರುಮಾಡಿದ್ದರು. ಹೀರೋನ ಬಾಲ್ಯ ಬಂತು, ನಾಟಕದ ದಿನಗಳು ಬಂದವು, ಆಮೇಲೆ ತೆರೆಯ ತುಂಬ ನಮ್ಮತ್ತೆ! ಇತ್ತ ಕುರ್ಚಿಯಲ್ಲಿದ್ದ ಅತ್ತೆ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ತೆರೆಯ ಮೇಲಿನ ಅತ್ತೆ ಹೇಳುತ್ತಿದ್ದರು: "ದಿನಾ ಬೆಳಿಗ್ಗೆ ಬರೋರು. ನಮ್ಮೆಜಮಾನ್ರು ಪಾಟ ಹೇಳ್ಕೊಡೋರು. ಒಂದಿನಾನೂ ತಪ್ಪಿಸ್ಲಿಲ್ಲ."

ಅದರ ಬೆನ್ನಿಗೇ ನಿರೂಪಕನ ತೆಲುಗು ದನಿ. ಮಾವನವರ ಹೆಸರು ಹೇಳಿ, ಇವರೇ ನಮ್ಮ ಹೀರೋಗೆ ಕನ್ನಡ ಹಾಡುಗಳನ್ನು ಕಲಿಸಿದ ಸಂಗೀತ ಗುರು ಎಂದ. ಹೀರೋನ ಮನೆಯಲ್ಲಿ ಸಿಕ್ಕಿದ ಒಂದು ಹಳೆಯ ನೋಟ್‌ಬುಕ್ಕಿನ ಹಾಳೆ ಮಿಂಚಿ ಹೋಯಿತು, ಅಕ್ಷರಗಳ ಕೆಳಗೆ ಕೆಂಪು ಗೆರೆಗಳು. ಅವು ಗುರುಗಳು ಹಾಕಿದ ಸ್ವರದ ಗುರುತುಗಳಂತೆ.

ಅತ್ತೆಯ ತಮ್ಮ ಹೊಟ್ಟೆ ಹಿಡಿದುಕೊಂಡು ನಕ್ಕರು. "ಅಕ್ಕಾ! ಭಾವ ಹಾಡೋರಾ? ಭಜನೇಲಿ ಅವರು ದನಿ ಸೇರಿಸಿದ್ರೆ ಪಕ್ಕದೋರು ಎದ್ದು ಹೋಗೋರಲ್ಲೇ!"

ಅತ್ತೆಯ ಮುಖ ಬಾಡಿಹೋಯಿತು. ಮೊಮ್ಮಗಳ ಕೈ ಹಿಡಿದೆಳೆದರು. "ಏನೇ ಬರೆದೆ ನೀನು?"

"ನೀವು ಹೇಳಿದ್ದೇ ಅಜ್ಜಿ. ಪಾಟ ಅಂದ್ರಲ್ಲ."

"ಪಾಟಾನೇ ಅಂದೆ. ಹಾಡು ಅಂದ್ನಾ?"

"ಪಾಟ ಅಂದ್ರೆ ಹಾಡೇ ಕದಾ ಅಜ್ಜಿ!"

"ಅಯ್ಯೋ ನಿನ್ನ! ಇಸ್ಕೂಲಲ್ಲಿ ಮೇಷ್ಟ್ರು ಮಾಡ್ತಾರಲ್ಲ, ಆ ಪಾಟ ಕಣೇ!"

ಹಿಂದಿನ ಸಾಲಿನವರು ಶ್ ಎಂದರು. ನನಗೆ ಆಗ ಹೊಳೆಯಿತು. ಅತ್ತೆಯ ನಾಲಿಗೆಗೆ ಮಹಾಪ್ರಾಣ ಹತ್ತುವುದಿಲ್ಲ, ಪಾಠ ಎನ್ನುವುದು ಪಾಟವೇ. ಮಗಳಿಗೆ ಪಾಟ ಎಂದರೆ ತೆಲುಗಿನ ಹಾಡೇ. ಇಬ್ಬರ ನಡುವೆ ನಾನು ಮನೆಯಲ್ಲೇ ಇದ್ದೆ, ಒಮ್ಮೆ ಕಣ್ಣಾಡಿಸಬಾರದಿತ್ತೆ?

ಚಿತ್ರ ಮುಗಿದು ಎಲ್ಲರೂ ಚಹಾ ಕುಡಿಯುತ್ತಿದ್ದರು. ಅತ್ತೆ ಮುಟ್ಟಲಿಲ್ಲ. ನೇರ ನಿರ್ದೇಶಕನ ಹತ್ತಿರ ಹೋಗಿ, "ಬಾಬೂ, ಆ ಪುಸ್ತಕಂ ಚೂಪಿಂಚು" ಎಂದರು. ಪಾಪ, ಆ ಹುಡುಗ ಲ್ಯಾಪ್‌ಟಾಪ್ ತೆರೆದು ಹಾಳೆಯನ್ನು ದೊಡ್ಡದು ಮಾಡಿ ತೋರಿಸಿದ. ತೆಲುಗು ಲಿಪಿಯಲ್ಲಿ ಕನ್ನಡ ಮಾತುಗಳು. ಮನೆ, ತಲೆ, ಬರುವೆ, ಹೀಗೆ ಎಕಾರದಲ್ಲಿ ಮುಗಿಯುವ ಪ್ರತಿ ಪದದ ಕೆಳಗೂ ಕೆಂಪು ಗೆರೆ, ಪಕ್ಕದಲ್ಲಿ ಪುಟ್ಟದಾಗಿ ಏನೋ ಕನ್ನಡ ಬರಹ. ತಮ್ಮ ತಂಡದಲ್ಲಿ ಕನ್ನಡ ಓದುವವರಿಲ್ಲ, ರಾಗದ ಹೆಸರಿರಬೇಕು ಅಂದುಕೊಂಡೆವು ಎಂದ.

ಅತ್ತೆ ಚೀಲದಲ್ಲಿ ಕನ್ನಡಕ ಹುಡುಕುವಷ್ಟರಲ್ಲಿ ಅವರ ತಮ್ಮನೇ ಬಗ್ಗಿ ಓದಿದರು. "ಎಳೀಬೇಡಿ." ಇನ್ನೊಂದು ಸಾಲು. "ಎಳೀಬೇಡಿ." ಅದರ ಕೆಳಗೆ, "ಮತ್ತೆ ಎಳೆದಿರಿ!"

ಕನ್ನಡ ಕಲಿಯುವ ತೆಲುಗಿನವರು ಮನೆಯನ್ನು ಮನೇ ಎಂದು ಎಳೆಯುತ್ತಾರೆ. ನಮ್ಮ ಪಕ್ಕದ ಮನೆಯಾಕೆ ನನ್ನ ಹತ್ತಿರ ಕಲಿಯುವಾಗಲೂ ಹಾಗೆಯೇ. ಹೀರೋನೂ ಎಳೆದಿದ್ದಾರೆ, ಮಾವನವರು ತಿದ್ದಿದ್ದಾರೆ.

ಅತ್ತೆಯ ತಮ್ಮ ಹಾಳೆಯನ್ನೇ ನೋಡುತ್ತಿದ್ದರು. "ಇದು ಭಾವನ ಕೈಬರಹವೇ. ನಾನು ಹಾಸ್ಟೆಲಲ್ಲಿದ್ದಾಗ ತಿಂಗಳಿಗೊಂದು ಕಾಗದ ಬರೆಯೋರು. ಈ ಳಕಾರದ ಬಾಲ ನನಗೆ ಗೊತ್ತಿಲ್ವಾ?" ಅಕ್ಕನ ಕಡೆ ತಿರುಗಿದರು. "ತಪ್ಪಾಯ್ತು ಕಣೇ ಅಕ್ಕ."

"ನನಗ್ಯಾಕೆ ಹೇಳ್ತೀಯ? ಕೇಳಬೇಕಾದೋರು ಮೇಲಿದ್ದಾರೆ. ನಡಿ, ದುರ್ಗಮ್ಮನ ಬೆಟ್ಟಕ್ಕೆ ಕರ್ಕೊಂಡ್ಹೋಗು, ಅಲ್ಲಿ ನಿಂತು ಹೇಳು."

ಮಗಳು ಕಣ್ಣು ಒರೆಸಿಕೊಳ್ಳುತ್ತಿದ್ದಳು. ಅತ್ತೆ ಅವಳ ತಲೆ ಸವರಿ ನಕ್ಕರು. "ಅಳಬೇಡ್ವೇ. ಅಂತಾ ದೊಡ್ಡ ಹೀರೋನ ನಾಲಿಗೆ ತಿದ್ದಿದ್ರು ನಿಮ್ಮ ತಾತ. ನನ್ನದನ್ನ ತಿದ್ದೋಕೆ ಅವರ ಕೈಲೂ ಆಗ್ಲಿಲ್ಲ."

ಬೆಟ್ಟದಲ್ಲಿ ಅವತ್ತು ಸಾಲು ಉದ್ದವಿರಲಿಲ್ಲ. ಅತ್ತೆಯ ತಮ್ಮ ಅಮ್ಮನವರ ಮುಂದೆ ಕಣ್ಣು ಮುಚ್ಚಿ ಬಹಳ ಹೊತ್ತು ನಿಂತರು. ಏನು ಹೇಳಿಕೊಂಡರೋ ನಾವು ಕೇಳಲಿಲ್ಲ.

ಗುರುವಾರ ಮಧ್ಯಾಹ್ನ ನಿರ್ದೇಶಕನ ಫೋನ್ ಬಂತು. ಚಿತ್ರ ಹೊರಗೆ ಹೋಗುವ ಮುಂಚೆ ಆ ಭಾಗವನ್ನೆಲ್ಲ ತಿದ್ದಿದ್ದೇವೆ, ಕನ್ನಡ ಪಾಠ ಹೇಳಿಕೊಟ್ಟ ಗುರುಗಳು ಎಂದೇ ಹಾಕಿದ್ದೇವೆ ಎಂದ. ಅತ್ತೆ ಫೋನ್ ಇಸಿದುಕೊಂಡು ಮಾವನವರ ಹೆಸರನ್ನು ಅಕ್ಷರ ಅಕ್ಷರವಾಗಿ ಅವನಿಂದ ಓದಿಸಿದರು, ಎರಡು ಸಲ. ಆಮೇಲೆ ಫೋನ್ ನನ್ನ ಕೈಗಿತ್ತು, ಗೋಡೆಯ ಕಡೆ ತಿರುಗಿ ಮಲಗಿ, ಐದೇ ನಿಮಿಷದಲ್ಲಿ ಗೊರಕೆ ಹೊಡೆಯತೊಡಗಿದರು. ಮಧ್ಯಾಹ್ನದ ನಿದ್ದೆ ಅವರಿಗೆ ಹತ್ತಿದ್ದನ್ನು ನಾನು ನೋಡಿದ್ದೇ ಅಪರೂಪ.

ಮಾರನೆಯ ದಿನ ಶುಕ್ರವಾರ, ಪೂಜೆಗೆ ದೀಪಗಳು ಬೆಳಗಿರಬೇಕು. ಸದ್ದಾಗದಂತೆ ಬಾಗಿಲು ಮುಂದೆ ಮಾಡಿ, ದೇವರ ಮನೆಯ ದೀಪಗಳನ್ನು ಎತ್ತಿಕೊಂಡು ಹುಣಸೆಹಣ್ಣು ಹಚ್ಚಿ ಉಜ್ಜಲು ಹಿತ್ತಲ ಬಾಲ್ಕನಿಗೆ ಹೋದೆ.