ಮೆಂತ್ಯದ ಡಬ್ಬಿಯ ಮಾತ್ರೆಗಳು

ಅಕ್ರಂ ಪಾಷಾ ಅವರನ್ನು ನಾನು ಮೊದಲು ಕಂಡದ್ದು ೧೯೭೪ರಲ್ಲಿ, ಮಳವಳ್ಳಿಯ ದನದ ಆಸ್ಪತ್ರೆಯಲ್ಲಿ. ಅವರು ಅಲ್ಲಿ ಕಾಂಪೌಂಡರ್. ಜ್ವರದಿಂದ ಮೇಲೇಳಲಾರದಿದ್ದ ನಮ್ಮ ನಾಯಿ ಕರಿಯನನ್ನು ಹೊತ್ತೊಯ್ದಿದ್ದೆ. ಅದರ ಕಿವಿ ಮಡಿಸಿ, ಕಚ್ಚಿಕೊಂಡಿದ್ದ ಉಣ್ಣೆಗಳನ್ನು ತೋರಿಸಿ, "ಇದು ಉಣ್ಣೆ ಜ್ವರ" ಎಂದರು. ಡಾಕ್ಟರು ಬರೆದ ಹದಿನಾಲ್ಕು ದಿನದ ಮಾತ್ರೆಗಳನ್ನು ಕಟ್ಟಿಕೊಟ್ಟರು.

ಮೂರೇ ದಿನಕ್ಕೆ ಕರಿಯ ಎದ್ದು ಮುದ್ದೆ ತಿಂದ. ನನ್ನ ಹೆಂಡತಿ ಸರಸಮ್ಮ ಉಳಿದ ಮಾತ್ರೆಗಳನ್ನು ಮೆಂತ್ಯದ ಡಬ್ಬಿಯಲ್ಲಿ ಎತ್ತಿಟ್ಟಳು. ಅವನು ಮಂಕಾದಾಗಲೆಲ್ಲ ಒಂದೊಂದು ಕೊಡುತ್ತಿದ್ದೆವು. ಎರಡು ತಿಂಗಳಲ್ಲಿ ಜ್ವರ ಮರಳಿತು. ಈ ಸಲ ಆ ಮಾತ್ರೆ ನಾಟಲೇ ಇಲ್ಲ. ಕರಿಯನನ್ನು ಮತ್ತೆ ಆಸ್ಪತ್ರೆಗೆ ಹೊತ್ತೊಯ್ದು, ಮೆಂತ್ಯದ ಡಬ್ಬಿಯ ಸಂಗತಿ ಹೇಳಿದೆ.

"ಏನ್ ಮೇಷ್ಟ್ರೇ, ಅರ್ಧ ಪಾಠ ಮಾಡಿ ಪರೀಕ್ಷೆ ಇಡ್ತೀರಾ? ಅರ್ಧ ಮದ್ದು ಕಂಡ ರೋಗ ಆಮೇಲೆ ಮದ್ದಿಗೆ ಎದ್ರಕಿಲ್ಲ!" ಎಂದು ಪಾಷಾ ಗದರಿದರು. ಡಾಕ್ಟರು ಬೇರೆ ಔಷಧಿ ಬರೆದರು. ಪಾಷಾ ಇಪ್ಪತ್ತೊಂದು ದಿನವೂ ಸೈಕಲ್ಲಿನಲ್ಲಿ ಮನೆಗೆ ಬಂದು, ತಾವೇ ಅದನ್ನು ಮುದ್ದೆಯಲ್ಲಿಟ್ಟು ನುಂಗಿಸಿದರು. ಕರಿಯ ಉಳಿದ.

ಈಗ ಪಾಷಾ ನಿವೃತ್ತರಾಗಿ ಮದ್ದೂರಿನಲ್ಲಿದ್ದಾರೆ. ಬೆಳಿಗ್ಗೆ ಜಗಲಿಯಲ್ಲಿ ಕುಳಿತು, ಬೀದಿನಾಯಿಗಳ ಉಣ್ಣೆ ಕಿತ್ತು ಸೀಮೆಎಣ್ಣೆಯ ಬಟ್ಟಲಿಗೆ ಹಾಕುತ್ತಾರೆ. ಹೋದ ವಾರ ನನ್ನ ಕೆಮ್ಮಿನ ಸುದ್ದಿ ತಿಳಿದು ಕೇಳಿದರು: "ಮಾತ್ರೆ ಪೂರ್ತಿ ಮುಗಿಸಿದ್ರಾ, ಇಲ್ಲಾ ಮೆಂತ್ಯದ ಡಬ್ಬಿ ಸೇರ್ಕಂಡ್ವಾ?"